ಅಂಗಡಿಯ ಹಕ್ಕು, ಅಕ್ಕಿಯ ಹಕ್ಕು: ನ್ಯಾಯಬೆಲೆ ಅಂಗಡಿ ಪರವಾನಗಿ ಮತ್ತು ನ್ಯಾಯಾಂಗದ ಪರಾಮರ್ಶೆ

ನ್ಯಾಯಬೆಲೆ ಅಂಗಡಿಗಳ ಪರವಾನಗಿ ವ್ಯಾಜ್ಯಗಳ ಇತಿಹಾಸವನ್ನು ‘ಸರ್ಕಾರದ ನೀತಿಯಲ್ಲಿ ನ್ಯಾಯಾಲಯ ಕೈಹಾಕುವುದಿಲ್ಲ’ ಎಂಬ ಒಂದೇ ಮಾತಿನಲ್ಲಿ ಮುಗಿಸುವ ರೂಢಿಯಿದೆ. ತೀರ್ಪುಗಳನ್ನು ಕಾಲಕ್ರಮದಲ್ಲಿ ಓದಿದರೆ ಈ ಮಾತು ಸಾಲದು ಅನ್ನಿಸುತ್ತದೆ. ನ್ಯಾಯಾಲಯದ ಸಂಯಮಕ್ಕಿಂತ ಹೆಚ್ಚಾಗಿ ಬದಲಾದದ್ದು, ಅದರ ಮುಂದೆ ಯಾರ ಹಕ್ಕು ಬಂದು ನಿಂತಿತು ಎಂಬುದು.

ಮೊದಲು ನಿಂತವನು ವ್ಯಾಪಾರಿ. 1954ರ ದ್ವಾರಕಾ ಪ್ರಸಾದ್ ಪ್ರಕರಣ ಪಡಿತರದ್ದಲ್ಲ, ಉತ್ತರ ಪ್ರದೇಶದ ಕಲ್ಲಿದ್ದಲಿನದು. ಪರವಾನಗಿ ಕೊಡುವುದೂ ಕಸಿಯುವುದೂ ಅಧಿಕಾರಿಯ ಮರ್ಜಿಗೆ ಬಿಟ್ಟ ನಿಯಮವನ್ನು ಸುಪ್ರೀಂ ಕೋರ್ಟ್ ರದ್ದುಮಾಡಿತು. ಕಾರಣಗಳನ್ನು ಬರೆದಿಡಬೇಕೆಂಬ ಷರತ್ತು ಆ ನಿಯಮದಲ್ಲಿತ್ತು. ಆದರೆ ಆ ಕಾರಣಗಳನ್ನು ಪರಿಶೀಲಿಸುವ ಮೇಲಧಿಕಾರಿ ಇರಲಿಲ್ಲ. ಮರುವರ್ಷ ಬಂದ ಅಗತ್ಯ ವಸ್ತುಗಳ ಕಾಯ್ದೆಯಡಿ ರಾಜ್ಯಗಳು ಹೊರಡಿಸಿದ ಪಡಿತರ ಆದೇಶಗಳಿಗೂ ಈ ಪಾಠ ಅನ್ವಯಿಸುತ್ತದೆ.

1981ರಲ್ಲಿ ಚಿತ್ರವೇ ಬದಲಾಯಿತು. ಮಧ್ಯಪ್ರದೇಶ ಸರ್ಕಾರ ಹೊಸ ಯೋಜನೆ ತಂದು, ಖಾಸಗಿಯವರು ನಡೆಸುತ್ತಿದ್ದ ಅಂಗಡಿಗಳನ್ನು ಸಹಕಾರ ಸಂಘಗಳಿಗೆ ಆದ್ಯತೆಯ ಮೇಲೆ ವಹಿಸಲು ಹೊರಟಿತು. ವಿತರಕರು ಸಂವಿಧಾನದ 14 ಮತ್ತು 19ನೇ ವಿಧಿಗಳನ್ನು ಹಿಡಿದು ಸುಪ್ರೀಂ ಕೋರ್ಟಿಗೆ ಹೋದರು. ಸರ್ಕಾರಿ ಸಸ್ತಾ ಅನಾಜ್ ವಿಕ್ರೇತಾ ಸಂಘದ ಪ್ರಕರಣದಲ್ಲಿ ನ್ಯಾಯಮೂರ್ತಿ ಒ. ಚಿನ್ನಪ್ಪ ರೆಡ್ಡಿ ಅವರ ತೀರ್ಪು ಸರ್ಕಾರದ ಪರ ಬಂತು: ಧಾನ್ಯ ಮಾರುವ ವ್ಯಾಪಾರಕ್ಕೆ ಅಡ್ಡಿಯಿಲ್ಲ, ಆದರೆ ಸರ್ಕಾರದ ಏಜೆಂಟನಾಗಿಯೇ ಇರುತ್ತೇನೆಂಬುದು ಮೂಲಭೂತ ಹಕ್ಕಲ್ಲ. ತೀರ್ಪು ಸರಿ ಎಂದೇ ನನ್ನ ಭಾವನೆ. 1905ರಲ್ಲಿ ಗದಗ ಸೀಮೆಯ ಕಣಗಿನಹಾಳದಲ್ಲಿ ಸಹಕಾರ ಸಂಘ ಕಟ್ಟಿದ ನಾಡಿನವರು ನಾವು. ಖಾಸಗಿಯವರ ಪಡಿತರ ಅಂಗಡಿಯನ್ನೂ ನಮ್ಮ ಹಳ್ಳಿಗರು ‘ಸೊಸೈಟಿ’ ಎಂದೇ ಕರೆಯುತ್ತಾರೆ. ಆದರೂ ಆ ವ್ಯಾಜ್ಯದಲ್ಲಿ ಚೀಲ ಹಿಡಿದು ಸಾಲಿನಲ್ಲಿ ನಿಂತವರು ಕಕ್ಷಿದಾರರಾಗಿರಲಿಲ್ಲ ಎಂಬುದನ್ನು ಮರೆಯುವಂತಿಲ್ಲ.

ಅವರ ಪರವಾಗಿ ಅರ್ಜಿ ಬಂದದ್ದು 2001ರಲ್ಲಿ. ಗೋದಾಮುಗಳು ತುಂಬಿದ್ದರೂ ರಾಜಸ್ಥಾನದಲ್ಲಿ ಜನ ಹಸಿದಿದ್ದಾಗ ನಾಗರಿಕ ಹಕ್ಕುಗಳ ಸಂಘಟನೆ ಪಿಯುಸಿಎಲ್ ಸುಪ್ರೀಂ ಕೋರ್ಟಿನ ಮೆಟ್ಟಿಲೇರಿತು. 2003ರ ಮೇ 2ರ ಆದೇಶ ಅಂಗಡಿಯ ಒಳಗನ್ನೇ ಇಣುಕಿ ನೋಡಿತು. ತಿಂಗಳಿಡೀ ನಿಗದಿತ ವೇಳೆಯಲ್ಲಿ ಬಾಗಿಲು ತೆರೆಯದವರು, ಬಡವರ ಕಾರ್ಡನ್ನು ತಮ್ಮಲ್ಲೇ ಇಟ್ಟುಕೊಂಡವರು, ಅದರಲ್ಲಿ ಸುಳ್ಳು ನಮೂದು ಮಾಡಿದವರು, ಹೆಚ್ಚು ಬೆಲೆ ಕೇಳಿದವರು, ಕಾಳಸಂತೆಗೆ ಧಾನ್ಯ ಸಾಗಿಸಿದವರು ಎಲ್ಲರ ಪರವಾನಗಿ ರದ್ದುಪಡಿಸುವಂತೆ ಅದು ಸೂಚಿಸಿತು. ನೀತಿಯಿಂದ ದೂರ ನಿಲ್ಲುತ್ತದೆ ಎನ್ನಲಾದ ನ್ಯಾಯಾಲಯವೇ ಇಲ್ಲಿ ವಿತರಕನ ನಡತೆಗೆ ಅಳತೆಗೋಲು ಕೊಟ್ಟಿತ್ತು.

2013ರ ರಾಷ್ಟ್ರೀಯ ಆಹಾರ ಭದ್ರತಾ ಕಾಯ್ದೆ 1981ರ ನೀತಿಯ ತಿರುಳನ್ನು ಶಾಸನದೊಳಗೆ ತಂದಿತು. ಅದರ 12ನೇ ಕಲಮು ಪರವಾನಗಿ ನೀಡುವಾಗ ಪಂಚಾಯಿತಿ, ಸ್ವಸಹಾಯ ಗುಂಪು, ಸಹಕಾರ ಸಂಘಗಳಿಗೆ ಆದ್ಯತೆ ಹೇಳುತ್ತದೆ. ನಿರ್ವಹಣೆ ಮಹಿಳೆಯರ ಕೈಯಲ್ಲಿರಲಿ ಎನ್ನುತ್ತದೆ. ನೀತಿ ಶಾಸನವಾದ ಮೇಲೆ ಪರಾಮರ್ಶೆಯ ಪ್ರಶ್ನೆಯೂ ಬೇರೆಯಾಗುತ್ತದೆ: ಸರ್ಕಾರದ ಆಯ್ಕೆ ಜಾಣತನದ್ದೇ ಎಂದು ಕೇಳಬೇಕಿಲ್ಲ, ಕಾಯ್ದೆಗೆ ಒಪ್ಪುತ್ತದೆಯೇ ಎಂದು ಕೇಳಿದರೆ ಸಾಕು.

ಈ ಪ್ರಶ್ನೆ ದೆಹಲಿಯಲ್ಲಿ ಎದ್ದಿತು: 2022ರ ಮೇ ತಿಂಗಳಲ್ಲಿ ಅಲ್ಲಿನ ಸರ್ಕಾರದ ಮನೆಮನೆಗೆ ಪಡಿತರ ಯೋಜನೆಯನ್ನು ದೆಹಲಿ ಹೈಕೋರ್ಟ್ ರದ್ದುಮಾಡಿತು. ಮನೆಬಾಗಿಲಿಗೆ ತಲುಪಿಸುವ ಬೇರೆ ಯೋಜನೆ ಮಾಡಬಹುದು, ಆದರೆ ಅದಕ್ಕೆ ಕೇಂದ್ರ ಕೊಟ್ಟ ಧಾನ್ಯವನ್ನು ಬಳಸುವಂತಿಲ್ಲ ಎಂದಿತು. ಅರ್ಜಿ ಹಾಕಿದ್ದು ಪಡಿತರ ವಿತರಕರ ಸಂಘ. 1981ರಲ್ಲಿ ಮೂಲಭೂತ ಹಕ್ಕಿನ ಹೆಸರಿನಲ್ಲಿ ಹೋಗಿ ಬರಿಗೈಲಿ ಮರಳಿದ್ದ ವಿತರಕರು, ನಾಲ್ಕು ದಶಕಗಳ ಬಳಿಕ ಉಣ್ಣುವವರಿಗಾಗಿ ಮಾಡಿದ ಕಾಯ್ದೆಯನ್ನೇ ಹಿಡಿದು ಗೆದ್ದಿದ್ದರು.