ಅರಮನೆಯೂ ಸೆರೆಮನೆಯೂ

ಹೊರನಾಡಿನ ಅತಿಥಿಗೆ ಊರಿನವರು ಮೊದಲು ತೋರಿಸುವುದು ಅರಮನೆಯನ್ನೂ ಗುಡಿಯನ್ನೂ. ಸೆರೆಮನೆಯನ್ನಾಗಲಿ, ಕೊಲೆಯ ಬಯಲನ್ನಾಗಲಿ ತಾವಾಗಿ ಕರೆದುಕೊಂಡು ಹೋಗಿ ತೋರಿಸುವ ಊರುಗಳು ಲೋಕದಲ್ಲಿ ವಿರಳ. ಕಾಂಬೋಡಿಯ ದೇಶದ ರಾಜಧಾನಿಯಾದ ಫ್ನೋಮ್ ಪೆನ್ ಅಂಥ ವಿರಳವಾದ ಊರುಗಳಲ್ಲೊಂದು. ಅಲ್ಲಿಗೆ ಹೋದ ಯಾತ್ರಿಕನನ್ನು ಮಾರ್ಗದರ್ಶಿಯು ಬೆಳಿಗ್ಗೆ ಅರಮನೆಗೆ ಕರೆದೊಯ್ದು ಚಿನ್ನದ ಬುದ್ಧನನ್ನು ತೋರಿಸುತ್ತಾನೆ. ಮಧ್ಯಾಹ್ನ ಹಳೆಯ ಶಾಲೆಯೊಂದಕ್ಕೆ ಕರೆದೊಯ್ದು ಕಬ್ಬಿಣದ ಮಂಚಗಳನ್ನು ತೋರಿಸುತ್ತಾನೆ. ಸಂಜೆಯೊಳಗೆ ಊರ ಹೊರಗಿನ ಬಯಲಿನಲ್ಲಿ ತಲೆಬುರುಡೆಗಳನ್ನಿಟ್ಟ ಸ್ತೂಪದ ಮುಂದೆ ನಿಲ್ಲಿಸುತ್ತಾನೆ. ವೈಭವವನ್ನೂ ಘೋರವನ್ನೂ ಹೀಗೆ ಒಂದೇ ದಿನದಲ್ಲಿ ಬೆರೆಸಿ ಉಣಬಡಿಸುವುದು ಯುಕ್ತವೇ, ಸತ್ತವರಿಗೆ ಅದು ಅಗೌರವವಲ್ಲವೇ ಎಂದು ಕೇಳುವವರುಂಟು. ಪ್ರಶ್ನೆಯು ನ್ಯಾಯವಾದುದೇ. ಆದರೆ ಅದರೊಳಗೆ ಒಂದು ತಪ್ಪು ಎಣಿಕೆ ಅಡಗಿದೆ. ಅರಮನೆಯ ಚರಿತ್ರೆ ಬೇರೆ, ಸೆರೆಮನೆಯ ಚರಿತ್ರೆ ಬೇರೆ ಎಂಬುದೇ ಆ ಎಣಿಕೆ. ಇವೆರಡೂ ಒಂದೇ ಚರಿತ್ರೆಯೆಂಬುದನ್ನು ವಾಚಕರ ಮುಂದಿಡುವುದು ಈ ಲೇಖನದ ಉದ್ದೇಶ.

ಮೊದಲು ನಗರದ ಹುಟ್ಟನ್ನು ನೋಡೋಣ. ಪೆನ್ ಎಂಬ ಹೆಸರಿನ ಗೃಹಿಣಿಯೊಬ್ಬಳು ಹೊಳೆಯಲ್ಲಿ ತೇಲಿಬಂದ ಮರದೊಳಗೆ ಬುದ್ಧನ ವಿಗ್ರಹಗಳನ್ನು ಕಂಡು, ಮಣ್ಣಿನ ದಿಬ್ಬವನ್ನು ಏರಿಸಿ ಅವುಗಳಿಗೆ ಗುಡಿಯನ್ನು ಕಟ್ಟಿಸಿದಳೆಂದು ಐತಿಹ್ಯವಿದೆ. ಫ್ನೋಮ್ ಎಂದರೆ ಗುಡ್ಡ. ಊರಿನ ಹೆಸರಿಗೆ ಪೆನ್ನಳ ಗುಡ್ಡವೆಂದು ಅರ್ಥ. ಅಂಗ್ಕೋರಿನ ಪ್ರಾಬಲ್ಯವು ಕುಂದಿದ ಮೇಲೆ, ಹದಿನೈದನೆಯ ಶತಮಾನದ ಪೂರ್ವಾರ್ಧದಲ್ಲಿ, ಪೊಞಾ ಯಾತ್ ಎಂಬ ಅರಸನು ಇಲ್ಲಿಗೆ ರಾಜಧಾನಿಯನ್ನು ತಂದನು. ಅವನ ಅಸ್ಥಿಯನ್ನಿಟ್ಟ ಸ್ತೂಪವು ಇಂದಿಗೂ ಆ ಗುಡ್ಡದ ಮೇಲಿದೆ. ಈ ಅರಸನ ಹೆಸರನ್ನು ವಾಚಕರು ನೆನಪಿನಲ್ಲಿಡಬೇಕು. ಅದು ಇನ್ನೊಮ್ಮೆ, ಬೇರೊಂದು ಎಡೆಯಲ್ಲಿ, ನಮಗೆ ಎದುರಾಗುವುದು.

ಮೆಕಾಂಗ್, ತೋನ್ಲೆ ಸಾಪ್, ಬಸಾಕ್ ಎಂಬ ಹೊಳೆಗಳು ಇಲ್ಲಿ ಕೂಡಿ ಅಗಲುವುದರಿಂದ ನಾಲ್ಕು ದಿಕ್ಕಿಗೆ ನೀರು ಚಾಚಿಕೊಂಡಂತೆ ಕಾಣುತ್ತದೆ. ಆದಕಾರಣ ಊರಿಗೆ ಚಕ್ತೊಮುಕ್ ಎಂಬ ಹಳೆಯ ಹೆಸರೂ ಉಂಟು. ಅದು ನಮ್ಮ ‘ಚತುರ್ಮುಖ’ವೇ. ಖ್ಮೇರ್ ಭಾಷೆಯ ರಾಜೋಚಿತ ಶಬ್ದಗಳಲ್ಲಿ ಕನ್ನಡಿಗನಿಗೆ ಪರಿಚಯವಾದ ಮುಖಗಳು ಹೀಗೆ ಹೆಜ್ಜೆಹೆಜ್ಜೆಗೂ ಕಾಣಿಸುತ್ತವೆ. ಅವರ ಲಿಪಿಯು ದಕ್ಷಿಣ ಭಾರತದ ಪಲ್ಲವ ಲಿಪಿಯಿಂದ ಬಂದುದು. ನಮ್ಮ ಲಿಪಿಯೂ ಅದೇ ಬ್ರಾಹ್ಮೀ ಮೂಲದ ದಕ್ಷಿಣದ ಕವಲು. ನಮ್ಮ ಕದಂಬರಲ್ಲಿ ಕಾಕುಸ್ಥವರ್ಮ, ರವಿವರ್ಮರಿದ್ದಂತೆ ಅವರ ಅಂಗ್ಕೋರಿನಲ್ಲಿ ಸೂರ್ಯವರ್ಮ, ಜಯವರ್ಮರಿದ್ದರು. ಇತ್ತೀಚಿನ ಅರಸುಮನೆತನದ ನೊರೊದೊಮ್ ಎಂಬ ಹೆಸರು ‘ನರೋತ್ತಮ’. ಸಿಹಾನುಕ್ ಎಂಬುದು ‘ಸಿಂಹಹನು’. ಈ ನೆಂಟಸ್ತಿಕೆಯನ್ನು ಅರಿತು ಹೋದವನಿಗೆ ಅಲ್ಲಿ ನಡೆದುದು ಯಾವುದೋ ದೂರದ ಅನಾಗರಿಕರ ಕಥೆಯೆಂದು ತಳ್ಳಿಬಿಡಲು ಎಡೆಯಿರುವುದಿಲ್ಲ.

1863ರಲ್ಲಿ ಕಾಂಬೋಡಿಯವು ಫ್ರೆಂಚರ ರಕ್ಷಣೆಗೊಳಗಾಯಿತು. ಕೆಲವೇ ವರ್ಷಗಳಲ್ಲಿ ನೊರೊದೊಮ್ ಅರಸನು ಉದೊಂಗಿನಿಂದ ಮರಳಿ ಇಲ್ಲಿಗೆ ರಾಜಧಾನಿಯನ್ನು ತಂದು, ಹೊಳೆಯ ದಡದಲ್ಲಿ ಅರಮನೆಯನ್ನು ಕಟ್ಟಿಸತೊಡಗಿದನು. ಈಗಿರುವ ಸಿಂಹಾಸನ ಮಂಟಪವು 1919ರಲ್ಲಿ ಪ್ರವೇಶಗೊಂಡಿತು. ಅದರ 59 ಮೀಟರ್ ಎತ್ತರದ ಶಿಖರದಲ್ಲಿ ಬ್ರಹ್ಮನ ನಾಲ್ಕು ಮುಖಗಳಿವೆ. ಮಂಟಪದ ಹೆಸರು ‘ದೇವವಿನಿಶ್ಚಯ’, ಅಂದರೆ ದೈವದ ನ್ಯಾಯತೀರ್ಮಾನದ ಸ್ಥಾನ. ಅದರ ಪಕ್ಕದ ಪ್ರಾಕಾರದಲ್ಲಿ ಮರಕತ ಬುದ್ಧನ ಗುಡಿಯಿದೆ. ನೆಲಕ್ಕೆ ಹಾಸಿದ ಬೆಳ್ಳಿಯ ಬಿಲ್ಲೆಗಳು 5,000ಕ್ಕೂ ಹೆಚ್ಚು. ಒಂದೊಂದೂ ಒಂದು ಕಿಲೋಗ್ರಾಂ ಮೀರಿದ ತೂಕದ್ದು. 90 ಕಿಲೋಗ್ರಾಂ ತೂಕದ ಚಿನ್ನದ ಬುದ್ಧನ ಮೈಮೇಲೆ 9,584 ವಜ್ರಗಳಿವೆ. ಪ್ರಾಕಾರದ ಗೋಡೆಯ ಉದ್ದಕ್ಕೂ 1903-04ರಲ್ಲಿ ಬರೆದ ‘ರಾಮಕೀರ್ತಿ’ಯ ಚಿತ್ರಗಳು ಸುತ್ತುವರಿದಿವೆ. ಅದು ಖ್ಮೇರರ ರಾಮಾಯಣ.

ಸಾಮಾನ್ಯ ಮಾರ್ಗದರ್ಶಿಯು ತೂಕವನ್ನೂ ಎಣಿಕೆಯನ್ನೂ ಹೇಳಿ ಇಲ್ಲಿಗೆ ನಿಲ್ಲಿಸುತ್ತಾನೆ. ಬಲ್ಲವನಾದರೋ ಇಲ್ಲಿಂದಲೇ ಪ್ರಾರಂಭಿಸಬೇಕು. ಏಕೆಂದರೆ ಈ ಅರಮನೆಯೇ ಒಂದು ಕಾಲದಲ್ಲಿ ಸೆರೆಮನೆಯಾಗಿದ್ದಿತು.

1941ರಲ್ಲಿ ಪಟ್ಟವೇರಿದ ಸಿಹಾನುಕನು 1955ರಲ್ಲಿ ಕಿರೀಟವನ್ನು ತಂದೆಗೆ ಬಿಟ್ಟುಕೊಟ್ಟು ರಾಜಕಾರಣಕ್ಕಿಳಿದನು. 1970ರ ಮಾರ್ಚಿಯಲ್ಲಿ ಅವನು ಪರದೇಶದಲ್ಲಿದ್ದಾಗ ಲೋನ್ ನೋಲ್ ಎಂಬ ಸೇನಾನಿಯ ಪಕ್ಷವು ಅವನನ್ನು ಪದಚ್ಯುತಗೊಳಿಸಿತು. ಆ ರೋಷದಲ್ಲಿ ಅವನು ಪೀಕಿಂಗಿನಿಂದ ತನ್ನ ಪ್ರಜೆಗಳಿಗೆ, ಕಾಡು ಸೇರಿ ಹೋರಾಡಿರೆಂದು ಕರೆಯಿತ್ತನು. ಕಾಡಿನಲ್ಲಿದ್ದವರು ಕೆಂಪು ಖ್ಮೇರರು. ಹಿಂದೆ ಅವನೇ ಬೇಟೆಯಾಡಿಸಿದ್ದ ಪಂಗಡ. ಅಮೆರಿಕದ ವಿಮಾನಗಳು 1973ರ ಆಗಸ್ಟಿನವರೆಗೂ ಹಳ್ಳಿಗಳ ಮೇಲೆ ಬಾಂಬುಗಳನ್ನು ಸುರಿಸಿದುವು. ನೆಲೆಗೆಟ್ಟ ರೈತನ ಮಗನು ಅರಸನ ಹೆಸರನ್ನು ಕೇಳಿ ಕೆಂಪು ಖ್ಮೇರರನ್ನು ಕೂಡಿಕೊಂಡನು. ಆ ಪಕ್ಷದ ತತ್ತ್ವವನ್ನು ಅರಿತು ಸೇರಿದವರು ಕೆಲವರು; ಅರಸನ ಮೇಲಣ ಭಕ್ತಿಯಿಂದ ಸೇರಿದವರು ಬಹುಮಂದಿ.

1975ರ ಏಪ್ರಿಲ್ 17ರಂದು ಕೆಂಪು ಖ್ಮೇರರು ನಗರವನ್ನು ಹೊಕ್ಕರು. ಅಮೆರಿಕದವರು ಬಾಂಬು ಹಾಕುವರು, ಮೂರು ದಿನದ ಮಟ್ಟಿಗೆ ಊರು ಬಿಡಿರಿ ಎಂದು ಹೇಳಿ, ನಿರಾಶ್ರಿತರೂ ಸೇರಿ ಸುಮಾರು 20 ಲಕ್ಷ ಜನರನ್ನು ಹಳ್ಳಿಗಳತ್ತ ಅಟ್ಟಿದರು. ಆಸ್ಪತ್ರೆಯ ರೋಗಿಗಳನ್ನೂ ಬಿಡಲಿಲ್ಲ. ಮೂರು ದಿನವು ಮೂರು ವರ್ಷ ಎಂಟು ತಿಂಗಳಾಯಿತು. ನಾಣ್ಯ, ಸಂತೆ, ಶಾಲೆ, ವಿಹಾರ ಎಲ್ಲವೂ ನಿಷಿದ್ಧವಾದುವು. ಬರಿದಾದ ನಗರಕ್ಕೆ ಮರಳಿಬಂದ ಸಿಹಾನುಕನು 1976ರ ಏಪ್ರಿಲಿನಲ್ಲಿ ರಾಷ್ಟ್ರಾಧ್ಯಕ್ಷ ಪದವಿಯನ್ನು ತ್ಯಜಿಸಿ, ತನ್ನ ಅರಮನೆಯಲ್ಲಿಯೇ ಬಂದಿಯಾದನು. ಬೆಳ್ಳಿಯ ಹಾಸುಗಳಿದ್ದ ಗುಡಿಯನ್ನು ಹೊರಗಿನವರಿಗೆ ತೋರಿಸಲು ಉಳಿಸಿಕೊಂಡಂತೆಯೇ ಅರಸನನ್ನೂ ಉಳಿಸಿಕೊಂಡರು. ಅವನ ಮಕ್ಕಳಲ್ಲಿ ಐವರೂ ಮೊಮ್ಮಕ್ಕಳಲ್ಲಿ ಅನೇಕರೂ ಆ ಕಾಲದಲ್ಲಿ ಅಳಿದುಹೋದರು. ತನ್ನ ಹೆಸರನ್ನು ಕೊಲೆಗಡುಕರಿಗೆ ಎರವಲು ಕೊಟ್ಟವನು ತನ್ನ ಸಂತತಿಯಿಂದ ಅದರ ಬಡ್ಡಿಯನ್ನು ತೆತ್ತನು. ಇದನ್ನು ಹೇಳದೆ ಅರಮನೆಯನ್ನು ತೋರಿಸುವುದು ಬೀಗ ಹಾಕಿದ ಪೆಟ್ಟಿಗೆಯನ್ನು ಹೊರಗಿನಿಂದ ತೋರಿಸಿದಂತೆ.

ಇನ್ನು ಶಾಲೆಗೆ ಹೋಗೋಣ. ಅರಮನೆಯಿಂದ ಅದು ಬಹಳ ದೂರವಿಲ್ಲ. ಮೂರಂತಸ್ತಿನ ನಾಲ್ಕು ಕಟ್ಟಡಗಳು, ನಡುವೆ ಹುಲ್ಲಿನ ಅಂಗಳ. ಈಗ ಅದರ ಹೆಸರು ತುಒಲ್ ಸ್ಲೆಂಗ್, ಅಂದರೆ ಕಾಸರಕದ ದಿಬ್ಬ. ಕೆಂಪು ಖ್ಮೇರರು ಅದನ್ನು ಎಸ್-21 ಎಂದು ಕರೆದರು. ಅದಕ್ಕೆ ಮೊದಲು ಅದು ತುಒಲ್ ಸ್ವಾಯ್ ಪ್ರೆಯ್, ಎಂದರೆ ಕಾಡುಮಾವಿನ ದಿಬ್ಬದ ಪ್ರೌಢಶಾಲೆ. ಅದಕ್ಕೂ ಹಿಂದೆ ಅರಸೊತ್ತಿಗೆಯ ಕಾಲದಲ್ಲಿ ಆ ಶಾಲೆಗೆ ಇದ್ದ ಹೆಸರು ಪೊಞಾ ಯಾತ್. ಯಾವ ಅರಸನು ಈ ಊರನ್ನು ರಾಜಧಾನಿಯಾಗಿ ಮಾಡಿದನೋ ಅವನ ಹೆಸರಿನ ಶಾಲೆಯಲ್ಲಿಯೇ ಊರಿನ ಅತ್ಯಂತ ಘೋರವಾದ ಸೆರೆಮನೆಯನ್ನು ಹೂಡಿದರು. ಬೆಳಿಗ್ಗೆ ಗುಡ್ಡದ ಮೇಲೆ ಅವನ ಸ್ತೂಪಕ್ಕೆ ಪ್ರದಕ್ಷಿಣೆ ಬಂದ ಯಾತ್ರಿಕನು ಮಧ್ಯಾಹ್ನ ಈ ಬಾಗಿಲಲ್ಲಿ ನಿಂತಾಗ ಆ ಹೆಸರನ್ನು ನೆನೆಯಬೇಕು.

ಇಲ್ಲಿ ಪಾಠದ ಕೋಣೆಗಳನ್ನು ಇಟ್ಟಿಗೆಯ ಅಡ್ಡಗೋಡೆಗಳಿಂದ ಒಬ್ಬನು ಮಲಗುವಷ್ಟರ ಗೂಡುಗಳಾಗಿ ಒಡೆದರು. ಬಂದಿಗಳು ಹಾರಿ ಪ್ರಾಣ ಕಳೆದುಕೊಳ್ಳದಂತೆ ಮೊಗಸಾಲೆಗಳಿಗೆ ಮುಳ್ಳುತಂತಿಯನ್ನು ಹೆಣೆದರು. ಮಕ್ಕಳು ವ್ಯಾಯಾಮಕ್ಕೆ ಬಳಸುತ್ತಿದ್ದ ಮರದ ಕಂಬಗಳಿಗೆ ಬಂದಿಗಳನ್ನು ತಲೆಕೆಳಗಾಗಿ ಕಟ್ಟಿದರು. ಬಂದವರೆಲ್ಲರ ಭಾವಚಿತ್ರವನ್ನು ತೆಗೆದು, ಇಲ್ಲದ ಅಪರಾಧವನ್ನು ಚಿತ್ರಹಿಂಸೆಯಿಂದ ಒಪ್ಪಿಸಿ, ಒಪ್ಪಿಗೆಯನ್ನು ಬರೆಯಿಸಿ ಜೋಡಿಸಿಟ್ಟರು. ಹಾಗೆ ಒಳಗೆ ಬಂದವರು ಕಡಿಮೆಯೆಂದರೂ 14,000 ಜನ. ಜೀವದಿಂದುಳಿದವರು ಹನ್ನೆರಡರ ಆಸುಪಾಸು. ಅವರಲ್ಲೊಬ್ಬನಾದ ವಾನ್ ನಾತ್ ಎಂಬ ಚಿತ್ರಕಾರನು ಉಳಿದುದು ಪಕ್ಷದ ಮುಖ್ಯಸ್ಥ ಪೋಲ್ ಪಾಟನ ಚಿತ್ರಗಳನ್ನು ಬರೆಯಬಲ್ಲವನೆಂಬ ಕಾರಣಕ್ಕೆ. ಮುಂದೆ ಅವನು ತಾನು ಕಂಡುದನ್ನು ಬರೆದ ಚಿತ್ರಗಳು ಈಗ ಅಲ್ಲಿಯ ಗೋಡೆಗಳ ಮೇಲಿವೆ. ಸೆರೆಮನೆಯ ಒಡೆಯನಾಗಿದ್ದ ದುಕ್ ಎಂಬವನು ಹಿಂದೆ ಗಣಿತದ ಉಪಾಧ್ಯಾಯ. ಬಂದಿಗಳಲ್ಲಿ ಬಹುಪಾಲು ಕೆಂಪು ಖ್ಮೇರ್ ಪಕ್ಷದವರೇ ಎಂಬುದನ್ನೂ ಮಾರ್ಗದರ್ಶಿಯು ಮರೆಸಬಾರದು. ಸಂಶಯವೇ ಧರ್ಮವಾದ ರಾಜ್ಯದಲ್ಲಿ ನಿನ್ನೆಯ ಕಾವಲುಗಾರನು ಇಂದಿನ ಬಂದಿ.

ಅಲ್ಲಿಂದ ರಾತ್ರಿಯ ಲಾರಿಗಳು ಬಂದಿಗಳನ್ನು 15 ಕಿಲೋಮೀಟರ್ ದೂರದ ಚುಂಗ್ ಏಕ್ ಎಂಬಲ್ಲಿಗೆ ಸಾಗಿಸುತ್ತಿದ್ದುವು. ಅದು ಹಣ್ಣಿನ ತೋಟವೂ ಚೀನೀಯರ ರುದ್ರಭೂಮಿಯೂ ಆಗಿದ್ದ ಸ್ಥಳ. ಗುಂಡು ವ್ಯರ್ಥವಾಗಬಾರದೆಂದು ಗುದ್ದಲಿಯಿಂದಲೂ ದೊಣ್ಣೆಯಿಂದಲೂ ಕೊಂದರು. 1980ರಲ್ಲಿ ಅಗೆದಾಗ ಸುಮಾರು 9,000 ಜನರ ಅವಶೇಷಗಳು ದೊರೆತುವು. ಇನ್ನೂ ಅಗೆಯದೆ ಬಿಟ್ಟ ಗುಂಡಿಗಳುಂಟು. ಇಂದಿಗೂ ಮಳೆಗಾಲದಲ್ಲಿ ಬಟ್ಟೆಯ ಚೂರುಗಳೂ ಎಲುಬಿನ ತುಣುಕುಗಳೂ ಮಣ್ಣಿನಿಂದ ಮೇಲೆ ಬರುತ್ತವೆ. 1988ರಲ್ಲಿ ಕಟ್ಟಿದ ಸ್ತೂಪದಲ್ಲಿ ಗಾಜಿನ ಹಿಂದೆ 5,000ಕ್ಕೂ ಮಿಕ್ಕ ತಲೆಬುರುಡೆಗಳನ್ನು ಇರಿಸಿದ್ದಾರೆ. ದೇಶದ ಸುಮಾರು 80 ಲಕ್ಷ ಜನರಲ್ಲಿ ಕೊಲೆ, ಹಸಿವು, ರೋಗ, ದುಡಿತಗಳಿಂದ ಸತ್ತವರು 15ರಿಂದ 20 ಲಕ್ಷವೆಂದು ವಿದ್ವಾಂಸರ ಅಂದಾಜು.

ಇಲ್ಲಿ ಶಬ್ದದ ವಿಷಯದಲ್ಲಿ ಎಚ್ಚರ ಬೇಕು. ಇಷ್ಟು ಸಾವನ್ನೂ ನಾವು ನರಮೇಧವೆಂದು ಕರೆಯುತ್ತೇವೆ. ಲೋಕರೂಢಿಗೆ ಅದು ಸಲ್ಲುತ್ತದೆ. ನ್ಯಾಯಾಲಯದ ಮಾತು ಬೇರೆ. ವಿಶ್ವಸಂಸ್ಥೆಯ ನೆರವಿನಿಂದ ಏರ್ಪಟ್ಟ ವಿಶೇಷ ನ್ಯಾಯಸ್ಥಾನವು 2018ರ ನವೆಂಬರ್ 16ರಂದು ಜನಾಂಗಹತ್ಯೆಯೆಂಬ ಅಪರಾಧವನ್ನು ಸ್ಥಿರಪಡಿಸಿದ್ದು ಚಾಮ್ ಮುಸಲ್ಮಾನರ ಮತ್ತು ವಿಯೆಟ್ನಾಮೀಯರ ಕೊಲೆಗಳ ವಿಷಯದಲ್ಲಿ. ಉಳಿದ ಅಸಂಖ್ಯಾತ ಖ್ಮೇರರನ್ನು ಕೊಂದುದನ್ನು ಅದು ಮಾನವತೆಯ ವಿರುದ್ಧದ ಅಪರಾಧವೆಂದು ಎಣಿಸಿತು. ಪೋಲ್ ಪಾಟನು ಈ ನ್ಯಾಯಸ್ಥಾನದ ಮುಂದೆ ನಿಲ್ಲದೆಯೇ 1998ರಲ್ಲಿ ಸತ್ತನು. 2022ರಲ್ಲಿ ವಿಚಾರಣೆಗಳು ಮುಗಿದಾಗ ಶಿಕ್ಷೆ ಸ್ಥಿರವಾದವರು ಮೂವರೇ. ದುಕ್ ಎಂಬವನು ಅವರಲ್ಲೊಬ್ಬ. ಮಾನವರ ವಿನಿಶ್ಚಯವು ನಡೆದುದು ಇಷ್ಟು ತಡವಾಗಿ, ಇಷ್ಟು ಅಲ್ಪವಾಗಿ.

ಮೊದಲಿನ ಪ್ರಶ್ನೆಗೆ ಈಗ ಮರಳಬಹುದು. ಅಗೌರವದ ಭಯವು ಸುಳ್ಳಲ್ಲ. ತುಒಲ್ ಸ್ಲೆಂಗಿನಲ್ಲಿ ತಲೆಬುರುಡೆಗಳಿಂದಲೇ ರಚಿಸಿದ ದೇಶದ ಭೂಪಟವೊಂದಿದ್ದಿತು. 2002ರಲ್ಲಿ ಅದನ್ನು ತೆಗೆದರು. 2005ರಲ್ಲಿ ಚುಂಗ್ ಏಕಿನ ಆಡಳಿತವನ್ನು ಖಾಸಗಿ ಸಂಸ್ಥೆಗೆ ವಹಿಸಿದಾಗ, ಸತ್ತವರ ಎಲುಬಿನಿಂದ ಹಣ ಗಳಿಸುವುದೇ ಎಂದು ಜನರು ನೊಂದು ನುಡಿದರು. ಇವೆಲ್ಲಕ್ಕಿಂತ ಗಹನವಾದುದು ಸಂಸ್ಕಾರದ ಪ್ರಶ್ನೆ. ಬೌದ್ಧರು ಸತ್ತವರನ್ನು ದಹಿಸತಕ್ಕವರು. ಸಿಹಾನುಕನು ಈ ಎಲುಬುಗಳಿಗೆ ದಹನಸಂಸ್ಕಾರವಾಗಲೆಂದು ಕೋರಿದ್ದನು. ಸಾಕ್ಷ್ಯವು ಉಳಿಯಬೇಕೆಂದು ಸರಕಾರವು ಒಪ್ಪಲಿಲ್ಲ. 1993ರಲ್ಲಿ ಮತ್ತೆ ಅರಸನಾಗಿ, 2012ರಲ್ಲಿ ತೀರಿಕೊಂಡ ಅವನಿಗೆ ಮರುವರ್ಷ ರಾಜಮರ್ಯಾದೆಯಿಂದ ಅಗ್ನಿಸಂಸ್ಕಾರವಾಯಿತು. ಬೆಳ್ಳಿಯ ಗುಡಿಯ ಪ್ರಾಕಾರದಲ್ಲಿ, ಎಳೆವಯಸ್ಸಿನಲ್ಲಿಯೇ ತೀರಿಹೋದ ಅವನ ಮಗಳ ಸ್ತೂಪದಲ್ಲಿ, ಅವನ ಅಸ್ಥಿಯು ಸೇರಿತು. ಬೆಳಿಗ್ಗೆ ನಾವು ಕಾಣುವುದು ಶಾಂತಿ ಹೊಂದಿದ ಅಸ್ಥಿ. ಸಂಜೆ ಕಾಣುವುದು ಸಾಕ್ಷಿ ನುಡಿಯಲೆಂದು ಸುಡದೆ ನಿಲ್ಲಿಸಿದ ಅಸ್ಥಿ. ಎರಡು ಸ್ತೂಪಗಳನ್ನೂ ಒಂದೇ ದಿನ ಕಂಡವನಿಗೆ ಮಾತ್ರ ಈ ಭೇದವು ಮನಸ್ಸಿಗೆ ನಾಟುವುದು.

ಆದುದರಿಂದ ಆ ಊರಿಗೆ ಹೋಗುವ ಕನ್ನಡಿಗರಿಗೆ ನಮ್ಮ ಬಿನ್ನಹವಿಷ್ಟೆ. ಅರಮನೆಯನ್ನು ಬಿಟ್ಟು ಬಯಲಿಗೆ ಮಾತ್ರ ಹೋದವನು, ಆ ಜನರನ್ನು ಸಾಯಲಿಕ್ಕಾಗಿಯೇ ಹುಟ್ಟಿದವರೆಂದು ತಿಳಿದು ಬಂದಾನು. ಬಯಲನ್ನು ಬಿಟ್ಟು ಅರಮನೆಯನ್ನು ಮಾತ್ರ ಕಂಡವನು ಅವರನ್ನು ಕಂಡೇ ಇಲ್ಲ. ಗುಡ್ಡದಿಂದ ಪ್ರಾರಂಭಿಸಿ, ಅರಮನೆ, ಶಾಲೆ, ಬಯಲು ಎಂಬ ಕ್ರಮದಲ್ಲಿ ನಡೆಯಿರಿ. ಒಂದು ದಿನ ಸಾಲದಿದ್ದರೆ ಎರಡು ದಿನ ತೆಗೆದುಕೊಳ್ಳಿರಿ. ಭಾವಚಿತ್ರಗಳ ಕೋಣೆಯಲ್ಲಿ ಕೈಯಲ್ಲಿರುವ ಯಂತ್ರವನ್ನು ಮುಚ್ಚಿಟ್ಟು ಒಂದೊಂದು ಮುಖವನ್ನಾದರೂ ನಿಂತು ನೋಡಿರಿ. ಮಾರ್ಗದರ್ಶಿಗಳಲ್ಲಿ ಬಂಧುಗಳನ್ನು ಕಳೆದುಕೊಂಡವರಿರುತ್ತಾರೆ. ಅವರ ಮೌನವನ್ನು ಪ್ರಶ್ನೆಗಳಿಂದ ಒಡೆಯಬೇಡಿರಿ. ತುಒಲ್ ಸ್ಲೆಂಗ್ ಮತ್ತು ಚುಂಗ್ ಏಕ್‌ಗಳು 2025ರಲ್ಲಿ ವಿಶ್ವಪರಂಪರೆಯ ಪಟ್ಟಿಗೆ ಸೇರಿವೆ. ಅಂಗ್ಕೋರಿನ ದೇವಾಲಯಗಳು 1992ರಲ್ಲಿಯೇ ಸೇರಿದ್ದುವು. ತನ್ನ ಹಿರಿಮೆಯನ್ನಿಟ್ಟ ಪಟ್ಟಿಯಲ್ಲಿಯೇ ತನ್ನ ಗಾಯವನ್ನೂ ಮರೆಮಾಚದೆ ಇಟ್ಟ ಆ ಜನತೆಯಿಂದ, ಚರಿತ್ರೆಯನ್ನು ಬರೆಯುವವರೂ ಓದುವವರೂ ಕಲಿಯತಕ್ಕುದು ಬಹಳವಿದೆ.