ಶಾಸನಸಭೆಯಿಂದ ನ್ಯಾಯಪೀಠಕ್ಕೆ: ವಿ.ಆರ್. ಕೃಷ್ಣ ಅಯ್ಯರ್ ಅವರ ಸಾರ್ವಜನಿಕ ಬದುಕಿನ ಅವಲೋಕನ

ಗ್ರಾಮೀಣ ನ್ಯಾಯಪರಂಪರೆಯಲ್ಲಿ ಕಟ್ಟಳೆಯನ್ನು ರೂಪಿಸುವವರಿಗೂ ತೀರ್ಪು ಹೇಳುವವರಿಗೂ ಇರುವ ಅಂತರ ತೀರ ಕಡಿಮೆ. ಹಳೆಯ ಮೈಸೂರಿನ ಊರಚಾವಡಿಯಾಗಲಿ, ಉತ್ತರ ಕರ್ನಾಟಕದ ದೈವದವರ ಸಭೆಯಾಗಲಿ, ತುಳುನಾಡಿನ ಗುತ್ತಿನ ಮನೆಯಾಗಲಿ ಈ ಎರಡೂ ಅಧಿಕಾರಗಳನ್ನು ಒಂದೇ ಜಗುಲಿಯ ಮೇಲೆ ಕೂರಿಸಿದ್ದವು. ಆಧುನಿಕ ಸಂವಿಧಾನವು ಇವುಗಳನ್ನು ಶಾಸಕಾಂಗ ಮತ್ತು ನ್ಯಾಯಾಂಗಗಳೆಂದು ಬೇರ್ಪಡಿಸಿತು. ಆದ್ದರಿಂದಲೇ ಶಾಸಕನಾಗಿದ್ದವನು ನ್ಯಾಯಾಧೀಶನಾದಾಗ ಸಂಶಯವೊಂದು ಸಹಜವಾಗಿ ಹುಟ್ಟುತ್ತದೆ. ಜನರ ಮತವನ್ನು ಬೇಡಿದವನು, ಒಂದು ಪಕ್ಷದ ಆಶ್ರಯದಲ್ಲಿ ಮಂತ್ರಿಯಾದವನು, ಪಕ್ಷಾತೀತನಾಗಿ ತೀರ್ಪು ನೀಡಬಲ್ಲನೇ? ಈ ಪ್ರಶ್ನೆಯನ್ನು ಪರಿಶೀಲಿಸಲು ಕೇರಳದ ವಿ.ಆರ್. ಕೃಷ್ಣ ಅಯ್ಯರ್ ಅವರ ಬದುಕು ಮಹತ್ವದ ಆಕರವಾಗಿದೆ.

1915ರ ನವೆಂಬರ್ 15ರಂದು ಪಾಲಕ್ಕಾಡಿನ ಬಳಿ ಜನಿಸಿದ ಕೃಷ್ಣ ಅಯ್ಯರ್ ವಕೀಲರ ಮನೆತನದವರು. ಅಣ್ಣಾಮಲೈ ವಿಶ್ವವಿದ್ಯಾನಿಲಯ ಮತ್ತು ಮದರಾಸು ಕಾನೂನು ಕಾಲೇಜುಗಳಲ್ಲಿ ವ್ಯಾಸಂಗ ಮುಗಿಸಿ 1938ರಲ್ಲಿ ತಲಶ್ಶೇರಿಯಲ್ಲಿ ವಕೀಲಿಯನ್ನು ಆರಂಭಿಸಿದರು. ಆಗಿನ ಮಲಬಾರು ಭೂಮಾಲಿಕರಾದ ಜನ್ಮಿಗಳು ಮತ್ತು ಗೇಣಿದಾರರ ನಡುವಿನ ಸಂಘರ್ಷದಿಂದ ಕುದಿಯುತ್ತಿತ್ತು. ಸಮೀಪದ ಕಯ್ಯೂರು ಆಗ ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿತ್ತು. 1941ರಲ್ಲಿ ಅಲ್ಲಿ ನಡೆದ ಘಟನೆ ಮತ್ತು 1943ರಲ್ಲಿ ನಾಲ್ವರು ರೈತರನ್ನು ಗಲ್ಲಿಗೇರಿಸಿದ ಸಂಗತಿಗಳು ನಿರಂಜನರ ‘ಚಿರಸ್ಮರಣೆ’ ಕಾದಂಬರಿಯ ಮೂಲಕ ಕನ್ನಡ ಓದುಗರಿಗೆ ಪರಿಚಿತವಾಗಿವೆ. ಇದೇ ಪರಿಸರದಲ್ಲಿ ಅಯ್ಯರ್ ರೈತ ಮತ್ತು ಕಾರ್ಮಿಕರ ಪರವಾಗಿ ವಾದಿಸಿದರು. ಕಮ್ಯುನಿಸ್ಟರಿಗೆ ನೆರವಾದರೆಂಬ ಆರೋಪದ ಮೇಲೆ 1948ರಲ್ಲಿ ಸುಮಾರು ಒಂದು ತಿಂಗಳು ಸೆರೆವಾಸವನ್ನೂ ಅನುಭವಿಸಿದರು. ಸೆರೆಮನೆಯ ಒಳಗನ್ನು ಕೈದಿಯಾಗಿ ಕಂಡ ಈ ಅನುಭವವು ಅವರ ಮುಂದಿನ ಬದುಕನ್ನು ಅರಿಯಲು ಅಗತ್ಯವಾದುದು.

1952ರಲ್ಲಿ ಕೂತ್ತುಪರಂಬ ಕ್ಷೇತ್ರದಿಂದ ಪಕ್ಷೇತರರಾಗಿ ಮದರಾಸು ಶಾಸನಸಭೆಗೆ ಆಯ್ಕೆಯಾದ ಅವರು, 1957ರಲ್ಲಿ ಕಮ್ಯುನಿಸ್ಟ್ ಪಕ್ಷದ ಬೆಂಬಲದೊಂದಿಗೆ ತಲಶ್ಶೇರಿಯಿಂದ ಕೇರಳ ವಿಧಾನಸಭೆಯನ್ನು ಪ್ರವೇಶಿಸಿದರು. ಏಪ್ರಿಲ್ 5ರಂದು ಅಧಿಕಾರಕ್ಕೆ ಬಂದ ಇ.ಎಂ.ಎಸ್. ನಂಬೂದಿರಿಪಾಡ್ ಅವರ ಮಂತ್ರಿಮಂಡಲದಲ್ಲಿ ಕಾನೂನು, ಗೃಹ, ಬಂದೀಖಾನೆ, ನೀರಾವರಿ ಮುಂತಾದ ಖಾತೆಗಳು ಅವರಿಗೆ ದೊರೆತವು. ಸರ್ಕಾರ ರಚನೆಯಾದ ಒಂದು ವಾರದೊಳಗೆ ಗೇಣಿದಾರರನ್ನು ಒಕ್ಕಲೆಬ್ಬಿಸುವುದನ್ನು ತಡೆಯುವ ಸುಗ್ರೀವಾಜ್ಞೆ ಹೊರಬಿದ್ದಿತು. ಬಡವರಿಗೆ ಕಾನೂನು ನೆರವು ಹಾಗೂ ಬಂದೀಖಾನೆ ಸುಧಾರಣೆಗಳು ಅವರ ಖಾತೆಗಳ ಮುಖ್ಯ ಕಾರ್ಯಗಳಾದವು. 1959ರ ಜುಲೈ 31ರಂದು ಕೇಂದ್ರವು ಈ ಸರ್ಕಾರವನ್ನು ವಜಾಗೊಳಿಸಿತು. ಅದು ಆರಂಭಿಸಿದ್ದ ಭೂಸುಧಾರಣೆಯ ಶಾಸನವು ಪರಿಷ್ಕೃತ ರೂಪದಲ್ಲಿ 1961ರಲ್ಲಿ ಜಾರಿಗೆ ಬಂದಿತಾದರೂ, ಹೊಸದುರ್ಗ ಮತ್ತು ಕಾಸರಗೋಡು ತಾಲ್ಲೂಕುಗಳ ರೈತವಾರಿ ಭೂಮಿಗಳಿಗೆ ಸಂಬಂಧಿಸಿದಂತೆ ಅದೇ ವರ್ಷದ ಡಿಸೆಂಬರ್‌ನಲ್ಲಿ ಸರ್ವೋಚ್ಚ ನ್ಯಾಯಾಲಯವು ಅದನ್ನು ಅಸಿಂಧುಗೊಳಿಸಿತು. 1956ರವರೆಗೆ ದಕ್ಷಿಣ ಕನ್ನಡದ ಭಾಗವಾಗಿದ್ದ ಈ ತಾಲ್ಲೂಕುಗಳ ಹಿಡುವಳಿ ಪದ್ಧತಿಯು ಮಲಬಾರಿನ ಜನ್ಮಿ ಪದ್ಧತಿಗಿಂತ ಭಿನ್ನವಾಗಿದ್ದುದೇ ಇದಕ್ಕೆ ಕಾರಣ. ಶಾಸನದ ಸದುದ್ದೇಶವು ಸ್ಥಳೀಯ ಪದ್ಧತಿಯ ಎದುರು ಹೇಗೆ ಎಡವಬಹುದೆಂಬುದಕ್ಕೆ ಇದೊಂದು ನಿದರ್ಶನ.

1960ರ ಚುನಾವಣೆಯಲ್ಲಿ ಅಯ್ಯರ್ ಕೇವಲ 7 ಮತಗಳ ಅಂತರದಿಂದ ಪರಾಭವಗೊಂಡರು. ಚುನಾವಣಾ ತಕರಾರು ಅರ್ಜಿಯ ವಿಚಾರಣೆಯಲ್ಲಿ ಮತಗಳ ಮರುಎಣಿಕೆ ನಡೆದು 1961ರಲ್ಲಿ ಅವರೇ ವಿಜಯಿಗಳೆಂದು ಘೋಷಿಸಲ್ಪಟ್ಟರು. ಮತಪೆಟ್ಟಿಗೆಯ ತೀರ್ಮಾನವನ್ನು ನ್ಯಾಯಾಲಯವು ತಿದ್ದಬಲ್ಲುದೆಂಬುದನ್ನು ಅವರು ಅರ್ಜಿದಾರರಾಗಿ ಕಂಡುಕೊಂಡರು. 1965ರ ಸೋಲಿನ ಬಳಿಕ ಅವರು ಚುನಾವಣಾ ರಾಜಕಾರಣದಿಂದ ದೂರ ಸರಿದರು. 1968ರ ಜುಲೈನಲ್ಲಿ ಕೇರಳ ಉಚ್ಚ ನ್ಯಾಯಾಲಯದ ನ್ಯಾಯಾಧೀಶರಾದರು. 1971ರಲ್ಲಿ ಕಾನೂನು ಆಯೋಗದ ಸದಸ್ಯರಾದರು.

1973ರ ಜುಲೈ 17ರಂದು ಅವರು ಸರ್ವೋಚ್ಚ ನ್ಯಾಯಾಲಯಕ್ಕೆ ನೇಮಕಗೊಂಡ ಸಂದರ್ಭವು ವಿಶೇಷ ಗಮನಕ್ಕೆ ಅರ್ಹವಾಗಿದೆ. ಮೂರು ತಿಂಗಳ ಹಿಂದೆಯಷ್ಟೇ ಕೇಶವಾನಂದ ಭಾರತಿ ಪ್ರಕರಣದ ತೀರ್ಪಿನ ಬೆನ್ನಿಗೆ ಮೂವರು ಹಿರಿಯ ನ್ಯಾಯಾಧೀಶರನ್ನು ಕಡೆಗಣಿಸಿ ಎ.ಎನ್. ರೇ ಅವರನ್ನು ಮುಖ್ಯ ನ್ಯಾಯಮೂರ್ತಿಯನ್ನಾಗಿ ಮಾಡಲಾಗಿತ್ತು. ಆ ಮೂವರೂ ರಾಜೀನಾಮೆ ನೀಡಿದರು. ಅವರಲ್ಲಿ ಒಬ್ಬರು ಕಾರ್ಕಳ ತಾಲ್ಲೂಕಿನ ಕೆ.ಎಸ್. ಹೆಗ್ಡೆ. ಹೆಗ್ಡೆಯವರೂ 1952ರಿಂದ 1957ರವರೆಗೆ ರಾಜ್ಯಸಭೆಯ ಸದಸ್ಯರಾಗಿದ್ದು ಅಲ್ಲಿಂದ ನೇರವಾಗಿ ಮೈಸೂರು ಉಚ್ಚ ನ್ಯಾಯಾಲಯಕ್ಕೆ ಬಂದವರೆಂಬುದು ಗಮನಾರ್ಹ. ರಾಜಕೀಯ ಹಿನ್ನೆಲೆಯ ಒಬ್ಬ ನ್ಯಾಯಾಧೀಶರು ಸರ್ಕಾರದ ವಿರುದ್ಧ ತೀರ್ಪಿತ್ತು ಹೊರನಡೆದ ವರ್ಷವೇ ಅಂಥ ಇನ್ನೊಬ್ಬರು ಒಳಬಂದರು. ಸರ್ಕಾರದ ನಿಲುವಿಗೆ ಒಪ್ಪುವವರನ್ನೇ ಆರಿಸಲಾಗುತ್ತಿದೆಯೆಂಬ ಟೀಕೆ ದಟ್ಟವಾಗಿದ್ದ ಆ ದಿನಗಳಲ್ಲಿ ಅಯ್ಯರ್ ಅವರ ನೇಮಕವನ್ನು ಕೆಲವು ವಕೀಲರು ಬಹಿರಂಗವಾಗಿ ವಿರೋಧಿಸಿದರು.

ಈ ಸಂಶಯಕ್ಕೆ ಪರೀಕ್ಷೆ ಒದಗಿದ್ದು 1975ರ ಜೂನ್‌ನಲ್ಲಿ. ಪ್ರಧಾನಿ ಇಂದಿರಾ ಗಾಂಧಿಯವರ ಚುನಾವಣೆಯನ್ನು ಅಲಹಾಬಾದ್ ಉಚ್ಚ ನ್ಯಾಯಾಲಯವು ಜೂನ್ 12ರಂದು ಅಸಿಂಧುವೆಂದು ಘೋಷಿಸಿದಾಗ, ಮೇಲ್ಮನವಿಯು ರಜಾಕಾಲದ ನ್ಯಾಯಾಧೀಶರಾಗಿದ್ದ ಅಯ್ಯರ್ ಅವರ ಮುಂದೆ ಬಂದಿತು. ಅಂದಿನ ಕಾನೂನು ಸಚಿವ ಎಚ್.ಆರ್. ಗೋಖಲೆ ದೂರವಾಣಿಯ ಮೂಲಕ ಭೇಟಿಗೆ ಕೋರಿದಾಗ, ಅರ್ಜಿಯನ್ನು ನ್ಯಾಯಾಲಯದ ಕಚೇರಿಗೆ ಸಲ್ಲಿಸಿದರೆ ಸಾಕೆಂದು ತಾವು ಸೂಚಿಸಿದುದನ್ನು ಅಯ್ಯರ್ ತರುವಾಯ ದಾಖಲಿಸಿದ್ದಾರೆ. ಜೂನ್ 24ರಂದು ಅವರು ನೀಡಿದ್ದು ಸಂಪೂರ್ಣ ತಡೆಯಾಜ್ಞೆಯಲ್ಲ, ಷರತ್ತಿಗೆ ಒಳಪಟ್ಟದ್ದು. ಪ್ರಧಾನಿಯಾಗಿ ಮುಂದುವರಿಯಬಹುದು, ಸಂಸತ್ತಿನಲ್ಲಿ ಭಾಗವಹಿಸಬಹುದು. ಸದಸ್ಯೆಯಾಗಿ ಮತ ಹಾಕುವಂತಿಲ್ಲ, ವೇತನ ಪಡೆಯುವಂತಿಲ್ಲ. ಮರುದಿನ ರಾತ್ರಿ ತುರ್ತುಪರಿಸ್ಥಿತಿಯ ಘೋಷಣೆಯಾಯಿತು. ಈ ಆದೇಶವು ಎರಡೂ ಪಕ್ಷಗಳಿಗೆ ತೃಪ್ತಿ ನೀಡಲಿಲ್ಲ. ಆದರೆ ಅವರು ಅಧಿಕಾರಸ್ಥರ ಋಣದಲ್ಲಿದ್ದಾರೆಂಬ ಆಕ್ಷೇಪಕ್ಕೆ ಅಲ್ಲಿ ಆಧಾರ ಉಳಿಯಲಿಲ್ಲ.

ರಾಜಕೀಯ ಅನುಭವವು ಅವರ ತೀರ್ಪುಗಳಲ್ಲಿ ಬೇರೊಂದು ಬಗೆಯಲ್ಲಿ ಕಾಣಿಸಿಕೊಂಡಿತು. ತಿಹಾರ್ ಸೆರೆಮನೆಯ ಕೈದಿ ಸುನಿಲ್ ಬಾತ್ರಾ ಸಹಕೈದಿಯೊಬ್ಬನ ಮೇಲಿನ ಹಿಂಸೆಯ ಬಗ್ಗೆ ಬರೆದ ಪತ್ರವೇ ಅರ್ಜಿಯೆನಿಸಿತು. 1979ರ ಆ ತೀರ್ಪು ಸೆರೆಮನೆಯ ಗೋಡೆಯೊಳಗೂ ಮೂಲಭೂತ ಹಕ್ಕುಗಳು ಜೀವಂತವೆಂದು ಸಾರಿತು. ಅದೇ ವರ್ಷ, ಕೊಡಗಿನವರೂ ಭಾರತೀಯ ವಿದೇಶಾಂಗ ಸೇವೆಯ ಪ್ರಥಮ ಮಹಿಳಾ ಅಧಿಕಾರಿಯೂ ಆದ ಸಿ.ಬಿ. ಮುತ್ತಮ್ಮ ಅವರ ಪ್ರಕರಣದಲ್ಲಿ, ಮಹಿಳಾ ಅಧಿಕಾರಿಯು ಮದುವೆಗೆ ಸರ್ಕಾರದ ಅನುಮತಿ ಪಡೆಯಬೇಕೆಂಬ ನಿಯಮದಲ್ಲಿದ್ದ ಲಿಂಗತಾರತಮ್ಯವನ್ನು ಅವರು ಬಯಲಿಗೆಳೆದರು. 1978ರ ಬೆಂಗಳೂರು ಜಲಮಂಡಳಿ ಪ್ರಕರಣದಲ್ಲಿ ‘ಕೈಗಾರಿಕೆ’ ಎಂಬ ಪದಕ್ಕೆ ನೀಡಿದ ವಿಸ್ತೃತ ಅರ್ಥವು ಆಸ್ಪತ್ರೆ, ಶಿಕ್ಷಣಸಂಸ್ಥೆ ಮುಂತಾದವುಗಳ ನೌಕರರಿಗೂ ಕೈಗಾರಿಕಾ ವಿವಾದ ಕಾಯಿದೆಯ ರಕ್ಷಣೆಯನ್ನು ಒದಗಿಸಿತು. ಇಲ್ಲೆಲ್ಲ ಪಕ್ಷದ ಪ್ರಣಾಳಿಕೆಗಿಂತ ತಲಶ್ಶೇರಿಯ ಕಕ್ಷಿಗಾರರ ನೆನಪು ಹೆಚ್ಚು ಕೆಲಸ ಮಾಡಿದಂತೆ ತೋರುತ್ತದೆ.

ಅವರ ಮಿತಿಗಳನ್ನೂ ಗುರುತಿಸಬೇಕಾಗುತ್ತದೆ. ಬಡವರ ಪರವಾದ ಆ ತೀರ್ಪುಗಳ ಇಂಗ್ಲಿಷ್ ಅಲಂಕಾರಭರಿತವೂ ಕ್ಲಿಷ್ಟವೂ ಆದುದು. ಯಾರ ಹಿತಕ್ಕಾಗಿ ಅವು ಬರೆಯಲ್ಪಟ್ಟವೋ ಅವರ ಕಿವಿಗೆ ಅವು ತಲುಪುವುದು ದುಸ್ತರ. ಕರ್ನಾಟಕದ ಒಪ್ಪಂದ ಬಸ್ಸುಗಳ ಸ್ವಾಧೀನ ಕಾಯಿದೆಯನ್ನು ಕುರಿತ 1977ರ ರಂಗನಾಥ ರೆಡ್ಡಿ ಪ್ರಕರಣದಲ್ಲಿ, ಖಾಸಗಿ ಸ್ವತ್ತು ಕೂಡ ಸಮುದಾಯದ ಭೌತಿಕ ಸಂಪನ್ಮೂಲವೆಂದು ಅವರು ಪ್ರತ್ಯೇಕ ತೀರ್ಪಿನಲ್ಲಿ ಪ್ರತಿಪಾದಿಸಿದರು. ಪೀಠದ ಬಹುಮತವು ಆಗಲೇ ಅದರಿಂದ ಅಂತರ ಕಾಯ್ದುಕೊಂಡಿತ್ತು. 2024ರ ನವೆಂಬರ್ 5ರಂದು ಒಂಬತ್ತು ನ್ಯಾಯಾಧೀಶರ ಪೀಠವು ಎಲ್ಲ ಖಾಸಗಿ ಸ್ವತ್ತೂ ಈ ವ್ಯಾಖ್ಯೆಯೊಳಗೆ ಬರುವುದಿಲ್ಲವೆಂದು ಬಹುಮತದಿಂದ ನಿರ್ಣಯಿಸಿ, ಅಯ್ಯರ್ ಅವರ ನಿಲುವು ನಿರ್ದಿಷ್ಟ ಆರ್ಥಿಕ ಸಿದ್ಧಾಂತವೊಂದಕ್ಕೆ ಕಟ್ಟುಬಿದ್ದುದೆಂದು ಟೀಕಿಸಿತು. ನಿರ್ಣಯವನ್ನು ಭಾಗಶಃ ಒಪ್ಪಿದ ಕರ್ನಾಟಕದ ನ್ಯಾಯಮೂರ್ತಿ ಬಿ.ವಿ. ನಾಗರತ್ನ ಅವರು, ಆರ್ಥಿಕ ನೀತಿ ಬದಲಾಯಿತೆಂಬ ಕಾರಣಕ್ಕೆ ಹಿಂದಿನ ನ್ಯಾಯಾಧೀಶರನ್ನು ದೂಷಿಸುವುದು ಸಲ್ಲದೆಂದು ಆಕ್ಷೇಪಿಸಿದರು.

1980ರ ನವೆಂಬರ್‌ನಲ್ಲಿ ನಿವೃತ್ತರಾದ ಅಯ್ಯರ್ 1987ರಲ್ಲಿ ರಾಷ್ಟ್ರಪತಿ ಸ್ಥಾನಕ್ಕೆ ವಿರೋಧಪಕ್ಷಗಳ ಅಭ್ಯರ್ಥಿಯಾಗಿ ಸ್ಪರ್ಧಿಸಿ ಸೋತರು. 2014ರ ಡಿಸೆಂಬರ್ 4ರಂದು ಕೊಚ್ಚಿಯಲ್ಲಿ ನಿಧನರಾದರು. ಅವರ ಮರಣಾನಂತರದ ವಾದವಿವಾದವು ಆರಂಭದ ಪ್ರಶ್ನೆಯನ್ನು ಮತ್ತೆ ಮುಂದಿಡುತ್ತದೆ. ಅವರ ತೀರ್ಪುಗಳಲ್ಲಿ ನಂಬಿಕೆಯೊಂದು ಇತ್ತೆಂಬುದು ನಿಜ. ಅದನ್ನು ಅವರು ಮರೆಮಾಚಲೂ ಇಲ್ಲ. ಆದರೆ ನಂಬಿಕೆಯುಳ್ಳವನಾಗಿರುವುದು ಬೇರೆ, ಒಬ್ಬರ ಹಂಗಿನಲ್ಲಿರುವುದು ಬೇರೆ. ಶಾಸನಸಭೆಯಿಂದ ನ್ಯಾಯಪೀಠಕ್ಕೆ ಬರುವವರನ್ನು ಅಳೆಯುವಾಗ ಈ ಎರಡನ್ನು ಬೇರ್ಪಡಿಸಿ ನೋಡುವುದು ಅಗತ್ಯ. ಊರಚಾವಡಿಯ ಹಿರಿಯರನ್ನು ಜನ ಅಳೆದದ್ದೂ ಅವರು ಯಾವ ಮನೆಯಿಂದ ಬಂದವರೆಂಬುದರಿಂದ ಮಾತ್ರವಲ್ಲ, ತಮ್ಮವರ ವ್ಯಾಜ್ಯ ಬಂದಾಗ ಏನು ಹೇಳಿದರೆಂಬುದರಿಂದ.