ತಮಿಸ್ರಗುಹೆಯ ಎರಡು ನದಿಗಳು

ಪ್ರಥಮಾನುಯೋಗದ ಪುರಾಣಗಳನ್ನೂ ಕರಣಾನುಯೋಗದ ಲೋಕಗ್ರಂಥಗಳನ್ನೂ ಒಟ್ಟಿಗೆ ಇಟ್ಟುಕೊಂಡು ಓದುವವರಿಗೆ ಒಂದು ವಿಚಿತ್ರ ಪ್ರದೇಶವು ಎದುರಾಗುತ್ತದೆ. ಅದು ಭರತಕ್ಷೇತ್ರದ ನಡುವೆ ಅಡ್ಡಲಾಗಿ ಹಬ್ಬಿರುವ ವಿಜಯಾರ್ಧ ಪರ್ವತದ ತಮಿಸ್ರಗುಹೆ. ಅದರೊಳಗೆ ಸೂರ್ಯಚಂದ್ರರ ಬೆಳಕಿಲ್ಲ. ಆ ಕತ್ತಲೆಯಲ್ಲಿ ಎರಡು ನದಿಗಳು ಗುಹೆಯ ಭಿತ್ತಿಯಿಂದ ಹೊರಟು ಸಿಂಧುವನ್ನು ಸೇರುತ್ತವೆ. ಒಂದು ಉನ್ಮಗ್ನಜಲೆ, ಅದರಲ್ಲಿ ಬಂಡೆ ಬಿದ್ದರೂ ಮೇಲಕ್ಕೇ ಬರುತ್ತದೆ. ಇನ್ನೊಂದು ನಿಮಗ್ನಜಲೆ, ಅದರಲ್ಲಿ ಹುಲ್ಲುಕಡ್ಡಿಯೂ ತೇಲದೆ ತಳವನ್ನು ಸೇರುತ್ತದೆ.

ಈಚೆಗೆ ಬೆಂಗಳೂರಿನ ಉತ್ತರಕ್ಕಿರುವ ಶೆಟ್ಟಿಹಳ್ಳಿಯಲ್ಲಿ ನಡೆದ ಸ್ವಾಧ್ಯಾಯ ಗೋಷ್ಠಿಯೊಂದರಲ್ಲಿ ಈ ಭಾಗವನ್ನು ಓದುತ್ತಿದ್ದಾಗ ತರುಣರೊಬ್ಬರು ನೇರವಾಗಿಯೇ ಕೇಳಿದರು: “ಪಂಡಿತರೆ, ಕಲ್ಲು ತೇಲುವ ನೀರಿನ ಮಾತನ್ನು ಈ ಕಾಲದ ಓದುಗರ ಕೈಗೆ ಹೇಗೆ ಕೊಡುತ್ತೀರಿ? ಗ್ರಂಥ ಸಂಪಾದಿಸುವಾಗ ಇಂಥದನ್ನು ಕೈಬಿಟ್ಟರೆ ನಷ್ಟವೇನು?” ಪ್ರಶ್ನೆ ಪ್ರಾಮಾಣಿಕವಾದುದು. ಅದಕ್ಕೆ ಉತ್ತರವನ್ನು ಹುಡುಕುವುದೇ ಪ್ರಕೃತ ಲೇಖನದ ಉದ್ದೇಶ.

ಮೊದಲು ಕಥಾಸಂದರ್ಭವನ್ನು ನೋಡೋಣ. ರಾಷ್ಟ್ರಕೂಟ ಅಮೋಘವರ್ಷನ ಕಾಲದ ಜಿನಸೇನಾಚಾರ್ಯರು ಸಂಸ್ಕೃತ ಆದಿಪುರಾಣದಲ್ಲಿ ಭರತ ಚಕ್ರವರ್ತಿಯ ದಿಗ್ವಿಜಯವನ್ನು ಸವಿಸ್ತಾರವಾಗಿ ಹೇಳಿದ್ದಾರೆ. ಕ್ರಿ.ಶ. ೯೪೧ರಲ್ಲಿ ಪಂಪನು ತನ್ನ ಆದಿಪುರಾಣವನ್ನು ರಚಿಸಿ ಆ ಕಥೆಯನ್ನು ಕನ್ನಡದ ಚಂಪುವಿಗೆ ತಂದನು. ಸೇನಾಪತಿಯು ದಂಡರತ್ನದಿಂದ ಗುಹೆಯ ಕದವನ್ನು ತೆರೆದಾಗ ಒಳಗಿನಿಂದ ಹೊರಟ ಬಿಸಿ ಆರಲು ಆರು ತಿಂಗಳು ಬೇಕಾಗುತ್ತದೆ. ಬಳಿಕ ಕಾಕಿಣೀರತ್ನದಿಂದ ಗೋಡೆಗಳ ಮೇಲೆ ಸೂರ್ಯಚಂದ್ರರ ರೂಪಗಳನ್ನು ಬರೆದು ಬೆಳಕು ಮಾಡಿಕೊಂಡು ಸೈನ್ಯವು ಮುಂದುವರಿಯುತ್ತದೆ. ನದಿಗಳ ಬಳಿ ಅದು ನಿಲ್ಲಲೇಬೇಕು. ದೋಣಿಯು ಒಂದರಲ್ಲಿ ಸಾಗಿದರೂ ಮತ್ತೊಂದರಲ್ಲಿ ಸಾಗದು. ಈಜು ಬಲ್ಲವನೂ ಎರಡನೆಯದರಲ್ಲಿ ಉಳಿಯನು. ಕೊನೆಗೆ ಸ್ಥಪತಿರತ್ನವು ಸೇತುವೆ ಕಟ್ಟಿ ದಾಟಿಸುತ್ತದೆ. ಗುಹೆಯಾಚೆಯ ಮ್ಲೇಚ್ಛಖಂಡದಲ್ಲಿಯೂ ಅಪಾಯ ತಪ್ಪದು. ಚಿಲಾತ, ಆವರ್ತರೆಂಬ ಅರಸರ ಪರವಾಗಿ ದೇವತೆಗಳು ಏಳು ದಿನ ಎಡೆಬಿಡದೆ ಮಳೆ ಸುರಿಸುತ್ತಾರೆ. ಕೆಳಗೆ ಚರ್ಮರತ್ನ, ಮೇಲೆ ಛತ್ರರತ್ನ, ನಡುವೆ ಸೈನ್ಯ.

ಇದು ಬರಿಯ ಅದ್ಭುತಕಥೆಯಾಗಿದ್ದರೆ ತರುಣರ ಮಾತಿಗೆ ಎದುರಾಡುವುದು ಕಷ್ಟವಾಗುತ್ತಿತ್ತು. ಆದರೆ ಈ ಕಾಡುಮೇಡು ಲೆಕ್ಕಕ್ಕೆ ಒಳಪಟ್ಟುದು ಎಂಬುದು ಗಮನಾರ್ಹ. ಜಂಬೂದ್ವೀಪದ ವ್ಯಾಸ ೧,೦೦,೦೦೦ ಯೋಜನ. ಭರತಕ್ಷೇತ್ರವು ಅದರ ೧೯೦ರಲ್ಲಿ ಒಂದು ಭಾಗ. ಎಂದರೆ ೫೨೬ ೬/೧೯ ಯೋಜನ. ತತ್ತ್ವಾರ್ಥಸೂತ್ರದ ಮೂರನೆಯ ಅಧ್ಯಾಯವು ಹೇಳುವ ಮಾನವೂ ಇದೇ. ಅದರಲ್ಲಿ ವಿಜಯಾರ್ಧದ ಅಗಲ ೫೦ ಯೋಜನಗಳನ್ನು ಕಳೆದು ಉಳಿದುದನ್ನು ಅರ್ಧಿಸಿದರೆ ದಕ್ಷಿಣಭರತಕ್ಕೂ ಉತ್ತರಭರತಕ್ಕೂ ತಲಾ ೨೩೮ ೩/೧೯ ಯೋಜನ ಬರುತ್ತದೆ. ಗುಹೆಯ ಎತ್ತರ ೮, ಅಗಲ ೧೨, ಉದ್ದ ೫೦ ಯೋಜನ. ಪರ್ವತವನ್ನು ಈ ಬದಿಯಿಂದ ಆ ಬದಿಗೆ ದಾಟಿಸುವ ಗುಹೆಯ ಉದ್ದವು ಪರ್ವತದ ಅಗಲದಷ್ಟೇ ಇರತಕ್ಕದ್ದಷ್ಟೆ! ನೀರು ತನ್ನ ಸ್ವಭಾವವನ್ನು ಬಿಟ್ಟಿರಬಹುದು, ಗಣಿತವು ಬಿಟ್ಟಿಲ್ಲ.

ಇದು ಹಸ್ತಪ್ರತಿಶಾಸ್ತ್ರಕ್ಕೆ ಬಹಳ ಉಪಯುಕ್ತವಾದ ಸಂಗತಿ. ಸವೆದ ಓಲೆಗರಿಯಲ್ಲಿ ೬ ಯಾವುದು, ೯ ಯಾವುದು ಎಂಬುದು ಎಷ್ಟೋ ವೇಳೆ ತಿಳಿಯದು. ಆದರೆ ಒಂದು ಅಂಕೆ ತಪ್ಪಿದರೆ ಉಳಿದ ಅಂಕೆಗಳೇ ಅದನ್ನು ಹಿಡಿದುಕೊಡುತ್ತವೆ. ನದಿಗಳ ಹೆಸರಿನಲ್ಲಿಯೂ ಹೀಗೆಯೇ. ಎರಡರಲ್ಲಿಯೂ ‘ಮಗ್ನ’ ಎಂಬ ಭಾಗ ಸಮಾನ. ಲಿಪಿಕಾರನ ಕಣ್ಣು ಮೊದಲನೆಯ ‘ಮಗ್ನ’ದಿಂದ ಎರಡನೆಯದಕ್ಕೆ ಹಾರಿದರೆ ನಡುವಿನ ಮಾತೆಲ್ಲ ಬಿಟ್ಟುಹೋಗುತ್ತದೆ, ಹೆಸರುಗಳು ಅದಲುಬದಲಾದರೆ ಲೋಕನಿಯಮವೇ ತಲೆಕೆಳಗಾಗುತ್ತದೆ. ಆಗ ‘ಉತ್’ ಮತ್ತು ‘ನಿ’ ಎಂಬ ಉಪಸರ್ಗಗಳೇ ಸಂಪಾದಕನಿಗೆ ದಾರಿ. ಮೇಲೇಳಿಸುವುದು ಉನ್ಮಗ್ನ, ಆಳಕ್ಕೆಳೆಯುವುದು ನಿಮಗ್ನ.

ಪುರಾಣ ಮತ್ತು ಗಣಿತಗಳ ಈ ಸಾಂಗತ್ಯಕ್ಕೆ ನಮ್ಮ ನಾಡಿನಲ್ಲಿಯೇ ಉಜ್ಜ್ವಲ ನಿದರ್ಶನವುಂಟು. ತ್ರಿಲೋಕಸಾರವನ್ನು ಪ್ರಾಕೃತ ಗಾಥೆಗಳಲ್ಲಿ ರಚಿಸಿದ ನೇಮಿಚಂದ್ರ ಸಿದ್ಧಾಂತಚಕ್ರವರ್ತಿಗಳೂ ಕ್ರಿ.ಶ. ೯೭೮ರಲ್ಲಿ ತ್ರಿಷಷ್ಟಿಲಕ್ಷಣ ಮಹಾಪುರಾಣವನ್ನು ಕನ್ನಡ ಗದ್ಯದಲ್ಲಿ ಬರೆದ ಚಾವುಂಡರಾಯನೂ ಸಮಕಾಲೀನರು, ಗುರುಶಿಷ್ಯರು. ಗುರುಗಳು ಅಳೆದ ಲೋಕದಲ್ಲಿಯೇ ಶಿಷ್ಯನ ಶಲಾಕಾಪುರುಷರು ನಡೆದಾಡಿದರು. ಒಂದನ್ನು ಶಾಸ್ತ್ರವೆಂದು ಉಳಿಸಿ ಇನ್ನೊಂದನ್ನು ಕಟ್ಟುಕಥೆಯೆಂದು ಬಿಡುವ ವಿಭಾಗ ಅವರಿಗೆ ತಿಳಿದಿರಲಿಲ್ಲ.

ಹಾಗಾದರೆ ಈ ನದಿಗಳ ತಾತ್ಪರ್ಯವೇನು? ತತ್ತ್ವಾರ್ಥಸೂತ್ರದ ಹತ್ತನೆಯ ಅಧ್ಯಾಯದಲ್ಲಿ ಮುಕ್ತಜೀವದ ಊರ್ಧ್ವಗತಿಗೆ ಸೋರೆಬುರುಡೆಯ ದೃಷ್ಟಾಂತವಿದೆ. ಮಣ್ಣು ಮೆತ್ತಿದ ಬುರುಡೆ ಮುಳುಗುತ್ತದೆ. ಮಣ್ಣು ಕರಗಿದೊಡನೆ ಮೇಲೆ ಬರುತ್ತದೆ. ತೇಲುವುದಕ್ಕೂ ಮುಳುಗುವುದಕ್ಕೂ ಕಾರಣ ಆ ಬುರುಡೆಯಲ್ಲಿಯೇ ಇದೆ, ನೀರಿನಲ್ಲಿ ಇಲ್ಲ. ತಮಿಸ್ರಗುಹೆಯಲ್ಲಿ ಈ ನ್ಯಾಯವು ನಡೆಯದು. ಅಲ್ಲಿ ಹಗುರವಾದುದಕ್ಕೂ ಭಾರವಾದುದಕ್ಕೂ ಭೇದವಿಲ್ಲ. ಎಲ್ಲವೂ ನೀರಿನ ಇಚ್ಛೆ. ಸ್ವಂತ ಯೋಗ್ಯತೆಯು ಲೆಕ್ಕಕ್ಕೆ ಬಾರದ ಅಂಥ ಸ್ಥಳವನ್ನು ಚಕ್ರವರ್ತಿಯು ರತ್ನಗಳ ಬಲದಿಂದ ದಾಟಬಲ್ಲನು. ಆದರೆ ಆ ದಾಟುವಿಕೆಯು ಅವನನ್ನು ಮುಕ್ತಿಗೆ ಒಂದು ಹೆಜ್ಜೆಯೂ ಹತ್ತಿರ ಮಾಡದು. ಇದು ಗ್ರಂಥೋಕ್ತವಲ್ಲ, ನನ್ನ ಊಹೆ. ಆದರೂ ಕಥೆಯ ಮುಂದಿನ ಘಟನೆಯು ಈ ಊಹೆಗೆ ಒಪ್ಪುವಂತಿದೆ.

ಗೆದ್ದ ಭರತನು ತನ್ನ ಹೆಸರನ್ನು ಬರೆಯಿಸಲು ವೃಷಭಾಚಲಕ್ಕೆ ಬರುತ್ತಾನೆ. ಅಲ್ಲಿ ಹಿಂದಿನ ಚಕ್ರವರ್ತಿಗಳ ಪ್ರಶಸ್ತಿಗಳು ತುಂಬಿ, ಒಂದು ಹೆಸರಿಗೂ ಎಡೆಯಿಲ್ಲ. ಅವನ ಗರ್ವವು ಅಲ್ಲಿ ಕರಗುತ್ತದೆ. ಆದರೂ ಒಬ್ಬನ ಹೆಸರನ್ನು ಅಳಿಸಿ ತನ್ನದನ್ನು ಬರೆಯಿಸುತ್ತಾನೆ. ಬೆಂಕಿಯಂಥ ಗಾಳಿಯನ್ನೂ ಕತ್ತಲೆಯನ್ನೂ ತಲೆಕೆಳಗಾದ ನೀರನ್ನೂ ಗೆದ್ದವನಿಗೆ ಬರೆಹ ತುಂಬಿದ ಒಂದು ಕಲ್ಲನ್ನು ಗೆಲ್ಲಲಾಗಲಿಲ್ಲ.

ಓಲೆಗರಿಗಳ ನಡುವೆ ಬಾಳುವವರು ಈ ಪ್ರಸಂಗವನ್ನು ಮರೆಯಬಾರದು. ನಮಗೆ ಒಗ್ಗದ ಭಾಗವನ್ನು ತೆಗೆದುಹಾಕುವ ಸಂಪಾದಕನೂ ಹಿಂದಿನವನ ಹೆಸರನ್ನು ಅಳಿಸಿ ತನ್ನದನ್ನು ಬರೆಯುತ್ತಾನೆ. ಕಲ್ಲು ತೇಲುವ ನದಿಯು ಭೂಗೋಳದಲ್ಲಿದೆಯೆಂದು ಸಾಧಿಸುವ ಹೊಣೆ ನಮ್ಮದಲ್ಲ. ಹಾಗೆ ಸಾಧಿಸಹೊರಟರೆ ಗ್ರಂಥಕ್ಕೂ ವಿಜ್ಞಾನಕ್ಕೂ ಅನ್ಯಾಯ. ಆದರೆ ಪೂರ್ವಾಚಾರ್ಯರು ಇಷ್ಟು ನಿಯಮಬದ್ಧವಾಗಿ ಅಳೆದಿಟ್ಟ ಲೋಕವನ್ನು ಅಳತೆ ಕೆಡದಂತೆ ಮುಂದಿನವರಿಗೆ ಒಪ್ಪಿಸುವ ಹೊಣೆ ಮಾತ್ರ ನಮ್ಮದೇ. ಶೆಟ್ಟಿಹಳ್ಳಿಯ ಆ ತರುಣರಿಗೆ ಅಂದು ನಾನು ಕೊಟ್ಟ ಉತ್ತರ ಅರೆಮಾತಾಗಿತ್ತು. ಉಳಿದ ಅರ್ಧವನ್ನು ಇಲ್ಲಿ ನಿವೇದಿಸಿದ್ದೇನೆ.